ಬೆನ್ನು ಬಿರಿದ ಕೋಟು, ಹನ್ನೊಂದು ದಿನದ ಬೆಂಚು

ನನ್ನನ್ನು ಊರಲ್ಲಿ ಕಣ್ಣಳತೆ ಮಾಸ್ಟರ್ ಎನ್ನುತ್ತಾರೆ. ಈ ಹೆಸರು ಜನರೇ ಪ್ರೀತಿಯಿಂದ ಇಟ್ಟದ್ದು ಎಂದು ನಾನು ಎಲ್ಲರಿಗೂ ಹೇಳಿಕೊಂಡು ಬಂದಿದ್ದೇನೆ. ನನ್ನ ಹೆಂಡತಿಯ ಪ್ರಕಾರ ಅದನ್ನು ಮೊದಲು ಬಳಸಿದವನು ನಾನೇ, ಅದೂ ಅಂಗಡಿಯ ಬೋರ್ಡಿನ ಮೇಲೆ.

ಮೂವತ್ತೊಂದು ವರ್ಷದಿಂದ ಕೋಟು ಹೊಲಿಯುತ್ತಿದ್ದೇನೆ. ಅಂಗಡಿ ರಸ್ತೆಗಿಂತ ತಗ್ಗಿನಲ್ಲಿದೆ. ಗಿರಾಕಿ ಮೂರು ಮೆಟ್ಟಿಲು ಇಳಿದು ಒಳಗೆ ಬರಬೇಕು. ಮೊದಲ ಮೆಟ್ಟಿಲಿಗೆ ಭುಜ, ಎರಡನೆಯದಕ್ಕೆ ಎದೆ, ಮೂರನೆಯದಕ್ಕೆ ಸೊಂಟ. ಅವನು ಮೇಜಿನ ಹತ್ತಿರ ಬರುವಷ್ಟರಲ್ಲಿ ನಾನು ಮೂರು ಅಂಕಿಗಳನ್ನೂ ಹೇಳಿ ಅವನ ಬಾಯಿ ತೆರೆಸುತ್ತಿದ್ದೆ. ಯಾರಾದರೂ ನಂಬದಿದ್ದರೆ ಟೇಪು ಹಿಡಿದು ತೋರಿಸುತ್ತಿದ್ದೆ. ಟೇಪೂ ಪ್ರತಿ ಸಲ ನನ್ನ ಅಂಕಿಯನ್ನೇ ಹೇಳುತ್ತಿತ್ತು. ಟೇಪು ಓದುವವನೂ ನಾನೇ ಆಗಿದ್ದರಿಂದ ಅದರಲ್ಲಿ ಆಶ್ಚರ್ಯವೇನಿಲ್ಲ. ಕಾಜಾ, ಗುಂಡಿ, ಒಳಗಿನ ಕೈಹೊಲಿಗೆ ಎಲ್ಲ ಹೆಂಡತಿಯದು. ಅಂಕಿ ತಪ್ಪಿದಾಗ ಸದ್ದಿಲ್ಲದೆ ಬಿಡಿಸಿ ಸರಿ ಮಾಡುತ್ತಿದ್ದವಳೂ ಅವಳೇ ಎಂಬುದು ನನಗೆ ತೀರ ಇತ್ತೀಚೆಗೆ ತಿಳಿಯಿತು.

ನಮ್ಮ ಬೀದಿಯ ಕೊನೆಯಲ್ಲಿ ಹಲ್ಲಿನ ಡಾಕ್ಟರ ಕ್ಲಿನಿಕ್ಕಿದೆ. ಅವರ ಸಂಘದವರು ಮೂವತ್ತು ವರ್ಷದ ಸೇವೆಗಾಗಿ ಅವರಿಗೆ ಪದಕ ಕೊಡುವುದಿತ್ತು. ಒಂದು ಬೆಳಿಗ್ಗೆ ಕಪ್ಪು ಬಟ್ಟೆ ತಂದು ಮೇಜಿನ ಮೇಲೆ ಇಟ್ಟರು. ನಾನು ಟೇಪಿಗೆ ಕೈಯನ್ನೂ ಹಾಕಲಿಲ್ಲ.

"ಎದೆ ನಲವತ್ತು," ಎಂದೆ.

ಡಾಕ್ಟರ ಮುಖ ಅರಳಿತು. "ನಲವತ್ತಾ? ನಾನು ದಪ್ಪ ಆಗಿದೀನಿ ಅಂದ್ಕೊಂಡಿದ್ದೆ."

"ನಮ್ಮ ಕಣ್ಣು ಸುಳ್ಳು ಹೇಳಲ್ಲ ಡಾಕ್ಟ್ರೇ."

ಟ್ರಯಲ್‌ಗೆ ಬಂದಾಗ ಅವರಿಗೆ ಅವಸರ. ಕೋಟು ಹಾಕಿಕೊಂಡು ಕನ್ನಡಿಯ ಮುಂದೆ ಸೈನಿಕನ ಹಾಗೆ ನೆಟ್ಟಗೆ ನಿಂತರು. ಮೂಲೆಯಲ್ಲಿ ಗುಂಡಿ ಹಾಕುತ್ತಿದ್ದ ಹೆಂಡತಿ, "ಒಂಚೂರು ಬಗ್ಗಿ ನೋಡ್ಲಿ ರೀ, ಕೈ ಮುಂದೆ ಚಾಚ್ಲಿ," ಎಂದಳು. "ಬಗ್ಗೋದ್ಯಾಕೆ, ಅವರೇನು ಅಲ್ಲಿ ಕಸ ಗುಡಿಸ್ತಾರಾ?" ಎಂದು ನಾನು ನಕ್ಕೆ. ಡಾಕ್ಟರೂ ನಕ್ಕರು. ನಾವಿಬ್ಬರೂ ಒಟ್ಟಿಗೆ ನಕ್ಕದ್ದು ಅದೇ ಕೊನೆ.

ಪದಕವನ್ನು ಕೊರಳಿಗೆ ಹಾಕುವುದು ಎಂಬ ವಿಷಯ ನನ್ನ ತಲೆಗೆ ಹೊಳೆದಿರಲಿಲ್ಲ. ಹಾಕುವವರು ಗಿಡ್ಡಗಿದ್ದರಂತೆ. ಡಾಕ್ಟರು ತಲೆ ಬಗ್ಗಿಸಿ ಎರಡೂ ಕೈ ಮುಂದೆ ಚಾಚಿದ್ದೇ ತಡ, ಬೆನ್ನಿನ ಹೊಲಿಗೆ ಕುತ್ತಿಗೆಯಿಂದ ಸೊಂಟದವರೆಗೆ ಬಿರಿದುಕೊಂಡಿತು. ಮೈಕು ಹತ್ತಿರವೇ ಇದ್ದುದರಿಂದ ಆ ಸದ್ದು ಹಿಂದಿನ ಸಾಲಿನವರಿಗೂ ತಲುಪಿತು. ಯಾರೋ ಅದನ್ನು ಮೊಬೈಲಿನಲ್ಲಿ ಹಿಡಿದಿದ್ದರು. ಮರುದಿನ ಹಲ್ಲು ಕೀಳಿಸಿಕೊಳ್ಳಲು ಬಂದವರು ಬಾಯಿ ತೆರೆದುಕೊಂಡೇ ನಗುತ್ತಿದ್ದರಂತೆ.

ಮೂರನೆಯ ದಿನ ಒಬ್ಬ ಪೇದೆ ಮೆಟ್ಟಿಲಿಳಿದು ಬಂದ. "ಸಾಹೇಬ್ರು ಕರೀತಿದ್ದಾರೆ. ಐದು ನಿಮಿಷದ ಕೆಲ್ಸ."

ಆ ಐದು ನಿಮಿಷ ಹನ್ನೊಂದು ದಿನ ನಡೆಯಿತು.

ಠಾಣೆಯ ಸಬ್ ಇನ್‌ಸ್ಪೆಕ್ಟರ್ ಇನ್ನೂ ಸಣ್ಣ ವಯಸ್ಸಿನವರು. ಅವರ ತಾಯಿಗೆ ಹಲ್ಲಿನ ಸೆಟ್ಟು ಮಾಡಿಕೊಟ್ಟವರು ಇದೇ ಡಾಕ್ಟರು ಎಂದು ಆಮೇಲೆ ಗೊತ್ತಾಯಿತು. ನನ್ನನ್ನು ನಿಲ್ಲಿಸಿಯೇ ಕೇಳಿದರು. "ಡಾಕ್ಟ್ರು ದೂರು ಕೊಟ್ಟಿದ್ದಾರೆ. ಬೇಕು ಬೇಕಂತ ಕೋಟು ಚಿಕ್ಕದು ಮಾಡಿ, ತುಂಬಿದ ಸಭೇಲಿ ಮಾನ ಕಳೆದಿದೀಯ."

"ಬೇಕಂತ ಅಲ್ಲ ಸ್ವಾಮಿ."

"ಹಾಗಾದ್ರೆ ಒಂದು ಸಾಲು ಬರ್ಕೊಡು. 'ನಾನು ಅಳತೆ ತೆಗೆಯದೆ ಕೋಟು ಹೊಲಿದೆ, ತಪ್ಪಾಯಿತು.' ಒಂದು ತಿಂಗಳು ಅಂಗಡಿ ಗಾಜಿಗೆ ಅಂಟ್ಸು. ಮುಗೀತು, ಮನೆಗೆ ಹೋಗು."

ಬುದ್ಧಿ ಇರುವ ಯಾರಾದರೂ ಬರೆದುಕೊಟ್ಟು ಬರುತ್ತಿದ್ದರು. ಆ ಸಾಲಿನಲ್ಲಿ ಒಂದು ಅಕ್ಷರವೂ ಸುಳ್ಳಲ್ಲ. ನನಗೆ ತೊಂದರೆಯಾದದ್ದೂ ಅಲ್ಲಿಯೇ. ಮಾಡದ ತಪ್ಪಾಗಿದ್ದರೆ ಅಂಜಿ ಬರೆದುಬಿಡುತ್ತಿದ್ದೆನೋ ಏನೋ. ಮಾಡಿದ ತಪ್ಪನ್ನು, ಅದೂ ನನ್ನದೇ ಕೈಬರಹದಲ್ಲಿ, 'ಕಣ್ಣಳತೆ' ಎಂಬ ಬೋರ್ಡಿನ ಕೆಳಗೆ ಅಂಟಿಸುವುದೆಂದರೆ? ಯೋಚಿಸಿ ಹೇಳುತ್ತೇನೆ ಎಂದೆ.

"ಅಲ್ಲಿ ಕೂತು ಯೋಚ್ನೆ ಮಾಡು," ಎಂದು ಬೆಂಚು ತೋರಿಸಿದರು.

ಅದು ಗಡಿಯಾರದ ಕೆಳಗಿದ್ದ ಉದ್ದನೆಯ ಬೆಂಚು. ಒಂದು ಕಾಲು ಗಿಡ್ಡ. ಯಾರಾದರೂ ಆ ತುದಿಗೆ ಕೂತರೆ ಈ ತುದಿಯವನು ಮೇಲೇಳುತ್ತಿದ್ದ. ಬೆಳಿಗ್ಗೆ ಹತ್ತಕ್ಕೆ ಬರಬೇಕು, ಮೊಬೈಲು ಡ್ರಾಯರಿಗೆ ಹೋಗಬೇಕು, ಸಂಜೆ ಐದಕ್ಕೆ "ನಾಳೆ ಬಾ". ಕೇಸಿಲ್ಲ, ನೋಟಿಸಿಲ್ಲ, ನಾನು ಅಲ್ಲಿ ಬಂದು ಹೋದದ್ದಕ್ಕೆ ಒಂದು ಚೂರು ಕಾಗದವಿಲ್ಲ. ಮೂರನೆಯ ದಿನ ಬಿಳಿ ಹಾಳೆ, ಪೆನ್ನು ತಂದು ತೊಡೆಯ ಮೇಲಿಟ್ಟರು. ನಾಲ್ಕನೆಯ ದಿನ ಬೆಂಚೂ ಹೋಯಿತು. ಮಧ್ಯಾಹ್ನದವರೆಗೆ ಗೋಡೆಗೆ ಮುಖ ಮಾಡಿ ನಿಲ್ಲಿಸಿದರು. "ಅಂಗಡಿಗೆ ಬೀಗ ಹಾಕಿಸ್ತೀನಿ," ಎಂಬ ಮಾತು ಹಿಂದಿನಿಂದ ಕೇಳುತ್ತಿತ್ತು. ಆದರೂ ಬರೆಯಲಿಲ್ಲ. ಇದನ್ನು ಧೈರ್ಯ ಎಂದುಕೊಳ್ಳಬೇಡಿ. ಒಂದು ಭಯಕ್ಕಿಂತ ಇನ್ನೊಂದು ಭಯ ದೊಡ್ಡದಾಗಿತ್ತು, ಅಷ್ಟೆ.

ಐದನೆಯ ದಿನ ನಾನು ಮಾಡಿದ ಕೆಲಸ ಹೇಳಿಕೊಳ್ಳಲು ಈಗಲೂ ನಾಚಿಕೆ. ಮುಖ್ಯ ಪೇದೆ ನನ್ನ ಮುಂದೆಯೇ ಓಡಾಡುತ್ತಿದ್ದರು. ಅವರ ಪ್ಯಾಂಟಿನ ಸೊಂಟ ಹೊಟ್ಟೆಯ ಕೆಳಗೆ ಸಿಕ್ಕಿಕೊಂಡು ಒದ್ದಾಡುತ್ತಿತ್ತು. ನನ್ನ ಬಾಯಿ ತಡೆಯಲಿಲ್ಲ. "ಹಿಂದಿನ ಹೊಲಿಗೇಲಿ ಒಂದಿಂಚು ಬಟ್ಟೆ ಇದೆ ಸರ್. ಬಿಡಿಸಿದ್ರೆ ಆರಾಮಾಗತ್ತೆ."

ಅವರು ನಿಂತು ನೋಡಿದರು. "ಹೌದಾ?"

ಮರುದಿನ ನಾನು ಸೂಜಿ, ದಾರ, ಕತ್ತರಿ, ಜೊತೆಗೆ ಅಪರೂಪಕ್ಕೆ ಬಳಸುತ್ತಿದ್ದ ಟೇಪನ್ನೂ ಜೇಬಿನಲ್ಲಿಟ್ಟುಕೊಂಡು ಠಾಣೆಗೆ ಹೋದೆ. ಎಂಟನೆಯ ದಿನದ ಹೊತ್ತಿಗೆ ಅರ್ಧ ಠಾಣೆಯ ಪ್ಯಾಂಟು ನನ್ನ ತೊಡೆಯ ಮೇಲೆ ಬಂದು ಹೋಗಿತ್ತು. ಬೆಂಚಿನ ಮೇಲೆ ಕೂತು ತೋಳಿನ ಪಟ್ಟಿ ಹೊಲಿದೆ, ಹರಿದ ಜೇಬು ಮುಚ್ಚಿದೆ. ಎರಡು ಹೊತ್ತು ಟೀ ಬರುತ್ತಿತ್ತು. ಸಾಹೇಬರು ಟೈಲರುಗಳ ಬಗ್ಗೆ ಒಂದು ಜೋಕು ಹೇಳುತ್ತಿದ್ದರು, ದಿನವೂ ಅದೇ ಜೋಕು. ದಿನವೂ ನಾನು ಹೊಸದಾಗಿ ಕೇಳಿದವನ ಹಾಗೆ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದೆ. ಮುಖ್ಯ ಪೇದೆಯ ಎದೆಗೆ ಟೇಪು ಸುತ್ತಿ ಹಲ್ಲು ಗಿಂಜುತ್ತಿದ್ದಾಗ ಯಾರೋ ಫೋಟೋ ತೆಗೆದರು. ಸಂಜೆಯಾದರೆ ಮಾತ್ರ, "ಆ ಸಾಲು ಬರೆದ್ಯಾ? ಇಲ್ವಾ? ನಾಳೆ ಬಾ."

ಮನೆಯಲ್ಲಿ ನಾನು ಬೇರೆಯದೇ ಕತೆ ಹೇಳುತ್ತಿದ್ದೆ. "ಅಲ್ಲಿ ನನಗೆ ಒಳ್ಳೆ ಮರ್ಯಾದೆ ಕಣೆ. ಎರಡು ಸಲ ಟೀ."

"ಮರ್ಯಾದೆ ಕೊಡೋರು ನಿಮ್ಮನ್ನ ಐದು ಗಂಟೆವರೆಗೂ ಯಾಕೆ ಬಿಡಲ್ಲ?" ಎಂದಳು ಹೆಂಡತಿ. ನಾನಿಲ್ಲದೆ ಅಂಗಡಿಯಲ್ಲಿ ಗಿರಾಕಿಗಳ ಬಾಯಿಗೆ ಸಿಕ್ಕಿದ್ದವಳು ಅವಳು. ಹೊಲಿದು ಮುಗಿಯದ ಬಟ್ಟೆಗಳನ್ನು ಮಡಚಿ ಇಡುತ್ತ, "ಒಂದು ಸಾಲು ಬರ್ದ್ರೆ ಪ್ರಾಣ ಹೋಗತ್ತಾ?" ಎಂದೂ ಕೇಳಿದಳು. ಹೋಗುತ್ತದೆ ಎಂದೆ. ಅವಳು ಮತ್ತೆ ಆ ಮಾತು ಎತ್ತಲಿಲ್ಲ.

ಹನ್ನೊಂದನೆಯ ದಿನ ಸಾಹೇಬರ ತಾಳ್ಮೆ ಮುಗಿಯಿತು. "ನಾಳೆ ನಿನ್ನ ಹೆಂಡ್ತೀನೂ ಕರ್ಕೊಂಡು ಬಾ. ಅವಳೂ ಹೊಲಿದಿದಾಳಲ್ಲ? ಇಬ್ರೂ ಕೂತ್ಕೊಳ್ಳಿ."

ಕೈಯಲ್ಲಿದ್ದ ಯಾರದೋ ಪ್ಯಾಂಟನ್ನು ಬೆಂಚಿನ ಮೇಲೆ ಹಾಗೆಯೇ ಬಿಟ್ಟು ಬಂದೆ. ಮನೆಗೆ ಬಂದು ನೀರು ಕುಡಿದೆ, ಚಪ್ಪಲಿ ಸರಿಯಾಗಿ ಜೋಡಿಸಿದೆ, ಮತ್ತೆ ನೀರು ಕುಡಿದೆ. ಹೆಂಡತಿ ನನ್ನ ಮುಖ ನೋಡಿಯೇ, "ನನ್ನನ್ನೂ ಕರೆದ್ರಾ?" ಎಂದಳು. ತಲೆಯಾಡಿಸಿದೆ. ಅವಳು ಸೂಜಿಯನ್ನು ದಾರದುಂಡೆಗೆ ಚುಚ್ಚಿಟ್ಟು, ನನ್ನ ಅಕ್ಕನ ಮಗಳಿಗೆ ಫೋನು ಮಾಡಿದಳು.

ಅಕ್ಕನ ಮಗಳು ವಕೀಲೆ. ಕೋರ್ಟಿಗೆ ಹೋಗತೊಡಗಿ ಎರಡು ವರ್ಷವಾಗಿತ್ತು. ಅವಳ ಕಪ್ಪು ಕೋಟನ್ನೂ ನಾನೇ ಹೊಲಿದುಕೊಟ್ಟಿದ್ದೆ. ಮೊದಲ ದಿನದಿಂದಲೂ ಅವಳು ಅದನ್ನು ಗುಂಡಿ ಹಾಕದೆ ಏಕೆ ತೊಡುತ್ತಾಳೆ ಎಂದು ನಾನು ಯೋಚಿಸಿರಲಿಲ್ಲ. ಅರ್ಧ ಗಂಟೆಯಲ್ಲಿ ಬಂದು ನಮ್ಮ ಕಟಿಂಗ್ ಮೇಜಿನ ಮೇಲೆ ಹಾಳೆ ಹರಡಿ ಕೂತಳು.

"ಕೇಸು ದಾಖಲಾಗಿದೆಯಾ ಮಾವ?"

"ಇಲ್ಲ."

"ನೋಟಿಸು?"

"ಇಲ್ಲ. ಟೀ ಆಗಿದೆ."

"ಕೋಟಿಗೆ ಅಳತೆ ತಗೊಂಡಿದ್ರಾ?"

"ಅದೂ... ಒಂದು ರೀತೀಲಿ ತಗೊಂಡಿದ್ದೆ."

"ಒಂದು ರೀತೀಲಿ ಅಂದ್ರೆ?"

"ಕಣ್ಣಲ್ಲಿ ಕಣೆ," ಎಂದಳು ಹೆಂಡತಿ. "ಟೇಪು ಮುಟ್ಟಿಲ್ಲ."

ಹುಡುಗಿ ನನ್ನನ್ನು ಒಂದು ಕ್ಷಣ ನೋಡಿದಳು. ಅವಳ ಕಣ್ಣು ತನ್ನ ಕೋಟಿನ ಕಡೆ ಹೋಗಿ ಬಂತು. "ಸರಿ. ತಗೊಂಡಿದ್ದೆ ಅಂತ ನಾನು ಬರೆಯಲ್ಲ, ನೀವೂ ಎಲ್ಲೂ ಹೇಳ್ಬೇಡಿ. ಕೋಟು ಚಿಕ್ಕದಾಯ್ತು ಅನ್ನೋದು ಡಾಕ್ಟ್ರಿಗೂ ನಿಮಗೂ ಇರೋ ಜಗಳ. ಅದಕ್ಕೆ ಬೇರೆ ಜಾಗ ಇದೆ, ಅವರು ಅಲ್ಲಿಗೆ ಹೋಗ್ಲಿ. ಕೇಸಿಲ್ಲದೆ ಪೊಲೀಸ್ರು ನಿಮ್ಮನ್ನ ಹನ್ನೊಂದು ದಿನ ಕೂರ್ಸಿದ್ದು ಬೇರೆ ಜಗಳ. ನಾವು ಎರಡನೇದಕ್ಕೆ ಹೈಕೋರ್ಟಿಗೆ ಹೋಗ್ತೀವಿ."

"ಆ ಸಾಲು ನಿಜ ಆಗಿದ್ರೂ?"

"ನಿಜ ಆಗಿದ್ರೂ. ನಿಜ ಬರೆಸೋಕೂ ಬೆಂಚಲ್ಲಿ ಕೂರ್ಸೋ ಹಕ್ಕು ಅವರಿಗಿಲ್ಲ ಮಾವ."

ಮಾರನೆಯ ದಿನ ನಾವಿಬ್ಬರೂ ಠಾಣೆಗೆ ಹೋಗಲಿಲ್ಲ. ಅಂಗಡಿಯ ಬಾಗಿಲು ಅರ್ಧ ಎಳೆದುಕೊಂಡು, ಯಾರ ಬೂಟಿನ ಸದ್ದು ಕೇಳಿದರೂ ನಾನು ಇಸ್ತ್ರಿ ಮೇಜಿನ ಹಿಂದೆ ಕೂರುತ್ತಿದ್ದೆ. ಸಂಜೆ ಅರ್ಜಿಯ ಪ್ರತಿ ಬಂತು. ಅದನ್ನು ಓದುತ್ತ ನಾನು ಅತ್ತುಬಿಟ್ಟೆ. 'ಅರ್ಜಿದಾರರು ಸಮಾಜದಲ್ಲಿ ಗೌರವಾನ್ವಿತರೂ ತಮ್ಮ ವೃತ್ತಿಯಲ್ಲಿ ನುರಿತವರೂ ಆಗಿದ್ದು' ಎಂದು ಶುರುವಾಗಿ, 'ತೀವ್ರ ಮಾನಸಿಕ ಯಾತನೆಗೆ ಗುರಿಯಾಗಿ ನಿದ್ರಾಹಾರಗಳನ್ನು ತೊರೆದಿರುತ್ತಾರೆ' ಎಂಬಲ್ಲಿಗೆ ಬರುವಷ್ಟರಲ್ಲಿ ಎರಡು ಸಲ ಅಂಗಿಯ ತೋಳಿನಲ್ಲಿ ಕಣ್ಣೊರೆಸಿಕೊಂಡಿದ್ದೆ. ಹೆಂಡತಿಗೆ ಗಟ್ಟಿಯಾಗಿ ಓದಿ ಹೇಳಿದೆ.

"ಪಾಪ, ಯಾರ್ರೀ ಇವರು?" ಎಂದಳು ಅವಳು.

ಪಾಪ ಎಂದದ್ದು ಸುಳ್ಳಲ್ಲ, ತಮಾಷೆಯೂ ಅಲ್ಲ. ಆದರೆ ಆಹಾರ ತೊರೆದವನು ಹನ್ನೊಂದು ದಿನದಲ್ಲಿ ಠಾಣೆಯ ಟೀ-ಬಿಸ್ಕತ್ತು ತಿಂದು ಸ್ವಲ್ಪ ಉಬ್ಬಿದ್ದ ಎನ್ನುವುದೂ ನಿಜ. ಆ ಮಾತು ತೆಗೆಸೋಣವೇ ಎಂದು ಕೇಳಿದೆ. "ನಿದ್ದೆ ಕೆಟ್ಟಿತ್ತಲ್ಲ ಮಾವ? ಊಟ ತೆಗೀತೀನಿ, ನಿದ್ದೆ ಇರ್ಲಿ," ಎಂದಳು ಅಕ್ಕನ ಮಗಳು.

ಕೋರ್ಟಿನ ದಿನ ನನ್ನ ಅತ್ಯುತ್ತಮ ಕೋಟು ತೊಟ್ಟು ಹೊರಟೆ. ಇಡೀ ನ್ಯಾಯಾಲಯ ನನಗಾಗಿಯೇ ಕಾದಿದೆ ಎಂಬ ಭ್ರಮೆ. ಕಾರಿಡಾರಿನಲ್ಲಿ ನೋಡಿದರೆ ನನ್ನಂಥವರು ಸಾಲಾಗಿ ಕೂತಿದ್ದರು. ಸಂಗೀತ ಹೇಳಿಕೊಡುವ ಹೆಂಗಸು. ಮೇಲಿನ ಮನೆಯವರು ಕೊಟ್ಟ ದೂರಿಗೆ ಅವಳನ್ನು ಆರು ದಿನ ಕರೆಸಿದ್ದರು. ಬಟ್ಟೆ ತೊಳೆಯುವ ಹಳೆಯ ಯಂತ್ರ ಮಾರಿದ ಒಬ್ಬ ಮೇಷ್ಟ್ರು. ಕೊಂಡವನು ಪೊಲೀಸರ ಹತ್ತಿರ ಹೋಗಿದ್ದ. ನಾವು ಒಬ್ಬರಿಗೊಬ್ಬರು ಬೆಂಚಿನ ಕತೆ ಹೇಳಿಕೊಂಡೆವು. ನನ್ನದೇ ದೊಡ್ಡ ಕಷ್ಟ ಎಂದು ತೋರಿಸುವ ಹುಮ್ಮಸ್ಸು ನನಗೆ. "ನನಗೆ ಹನ್ನೊಂದು ದಿನ," ಎಂದು ನಾಲ್ಕು ಸಲ ಹೇಳಿದೆ. ಅಷ್ಟರಲ್ಲಿ ಗೋಡೆಗೊರಗಿ ಸುಮ್ಮನೆ ಕೂತಿದ್ದ ಬಡಗಿಯೊಬ್ಬ, "ನನಗೆ ಒಂದೇ ದಿನ," ಎಂದು ಎಡ ಕಿವಿ ಮುಟ್ಟಿಕೊಂಡ. "ಈ ಕಡೆ ಕೇಳ್ಸಲ್ಲ ಈಗ."

ನಮ್ಮ ಸರದಿ ಬಂತು. ನ್ಯಾಯಮೂರ್ತಿಗಳು ಕನ್ನಡಕ ಮೂಗಿನ ತುದಿಗಿಟ್ಟುಕೊಂಡ ಹಿರಿಯ ಹೆಂಗಸು. ಸರ್ಕಾರಿ ವಕೀಲರು ಎದ್ದು, ಅರ್ಜಿದಾರರು ತಾವಾಗಿಯೇ ಠಾಣೆಗೆ ಬರುತ್ತಿದ್ದರು, ಸೌಹಾರ್ದದಿಂದ ಇದ್ದರು ಎಂದು ಹೇಳಿ ಒಂದು ಫೋಟೋ ಮುಂದಿಟ್ಟರು. ನಾನು ಮುಖ್ಯ ಪೇದೆಯ ಎದೆ ತಬ್ಬಿ ಹಲ್ಲು ಕಿಸಿಯುತ್ತಿರುವ ಫೋಟೋ. ಅದರಲ್ಲಿ ನಿದ್ರೆ ತೊರೆದವನ ಒಂದು ಲಕ್ಷಣವೂ ಇರಲಿಲ್ಲ. ಅಕ್ಕನ ಮಗಳು ನನ್ನ ಕಡೆ ತಿರುಗಿ ನೋಡಿದಳು. ಪ್ಯಾಂಟುಗಳ ವಿಷಯವನ್ನು ನಾನು ಅವಳಿಗೆ ಹೇಳಿಯೇ ಇರಲಿಲ್ಲ.

ನ್ಯಾಯಮೂರ್ತಿಗಳು ಫೋಟೋ ನೋಡಿ, ನನ್ನನ್ನು ಮುಂದೆ ಕರೆದರು. "ಇದು ನೀವೇನಾ?"

"ಹೌದು ತಾಯಿ."

"ನಗ್ತಾ ಇದ್ದೀರಿ."

ಅವರನ್ನೇ ನೋಡುತ್ತ ನಿಂತೆ. ಆಗಲೂ ನನ್ನ ಹಾಳು ಕಣ್ಣು ಅವರ ಗೌನಿನ ಭುಜದ ಮೇಲೆ ಹೋಯಿತು. ಎಡಗಡೆ ಅರ್ಧ ಇಂಚು ಇಳಿದಿತ್ತು. ಇನ್ನೇನು ಅದನ್ನೇ ಹೇಳಿಬಿಡುತ್ತಿದ್ದೆ. ದೇವರು ದೊಡ್ಡವನು, ಬೇರೆ ಮಾತು ಬಂತು.

"ಭಯಕ್ಕೆ ತಾಯಿ. ನಾನು ಭಯ ಆದ್ರೆ ನಗ್ತೀನಿ. ಹೊಲಿದಿದ್ದೂ ಭಯಕ್ಕೇ. ಕೈಯಲ್ಲಿ ಕೆಲಸ ಇದ್ರೆ ಹೊಡೆಯಲ್ಲ ಅನ್ನಿಸ್ತು. ನಾಲ್ಕನೇ ದಿನ ಗೋಡೆಗೆ ಮುಖ ಮಾಡಿ ನಿಲ್ಲಿಸಿದ್ರು. ಅದರ ಫೋಟೋ ಯಾರೂ ತೆಗೀಲಿಲ್ಲ."

ಇದನ್ನು ನಾನು ಜಾಣತನದಿಂದ ಹೇಳಿದ್ದಲ್ಲ. ಇಷ್ಟು ದಿನ ನನಗೇ ಹೇಳಿಕೊಂಡಿರದ ಮಾತು ಅದು. ಹೇಳಿದ ಮೇಲೆ ಮೂಗು ಸೋರತೊಡಗಿತು, ಒರೆಸಿಕೊಳ್ಳಲು ಜೇಬಿಗೆ ಕೈ ಹಾಕಿದರೆ ಸಿಕ್ಕಿದ್ದು ಟೇಪು.

ನ್ಯಾಯಮೂರ್ತಿಗಳು ಫೋಟೋವನ್ನು ಪಕ್ಕಕ್ಕೆ ಸರಿಸಿದರು. "ಕೇಸು ದಾಖಲಾಗಿದೆಯೇ?" ಎಂದು ಸರ್ಕಾರಿ ವಕೀಲರನ್ನು ಕೇಳಿದರು. ಇಲ್ಲ. "ಲಿಖಿತ ನೋಟಿಸು?" ಇಲ್ಲ. "ಹಾಗಾದರೆ ಠಾಣೆಯ ಪ್ಯಾಂಟು ಹೊಲಿಯಲು ಇವರು ಹನ್ನೊಂದು ದಿನ ತಮ್ಮ ಅಂಗಡಿ ಬಿಟ್ಟು ಬಂದರು ಎಂದು ನಾನು ನಂಬಬೇಕು?" ಹಿಂದಿನ ಸಾಲಿನಲ್ಲಿ ಯಾರೋ ನಕ್ಕರು. ಆದೇಶ ನಾಲ್ಕು ಸಾಲಿನದು: ಕೇಸು ದಾಖಲಿಸದೆ, ಲಿಖಿತ ನೋಟಿಸು ಕೊಡದೆ ಅರ್ಜಿದಾರರನ್ನಾಗಲಿ ಅವರ ಹೆಂಡತಿಯನ್ನಾಗಲಿ ಠಾಣೆಗೆ ಕರೆಸಕೂಡದು; ಏನನ್ನೂ ಬರೆಸಿಕೊಳ್ಳಕೂಡದು; ದೂರುದಾರರು ಬೇಕಿದ್ದರೆ ಸೂಕ್ತ ನ್ಯಾಯಾಲಯಕ್ಕೆ ಹೋಗಬಹುದು. ಎಲ್ಲ ಸೇರಿ ಐದು ನಿಮಿಷ ಹಿಡಿದಿರಬೇಕು. ನಾನು ಹೊರಗೆ ಬರುವ ಮೊದಲೇ ಸಂಗೀತದ ಹೆಂಗಸಿಗೂ ಅವೇ ನಾಲ್ಕು ಸಾಲು ಓದಿದರು. ಮೇಷ್ಟ್ರಿಗೂ ಅವೇ. ನನ್ನ ಮೈಗೇ ಅಳೆದು ಹೊಲಿದದ್ದು ಎಂದುಕೊಂಡಿದ್ದ ಸಂಕಟ ರೆಡಿಮೇಡ್ ಅಂಗಡಿಯಲ್ಲಿ ಸಾಲಾಗಿ ತೂಗುಹಾಕಿದ ಅಂಗಿಯಂತಿತ್ತು. ಬಡಗಿಯ ಅರ್ಜಿಗೆ ಮಾತ್ರ ಬೇರೆ ದಿನ ಕೊಟ್ಟು, ವೈದ್ಯರ ವರದಿ ತರಿಸಲು ಹೇಳಿದರು.

ಸಬ್ ಇನ್‌ಸ್ಪೆಕ್ಟರ್‌ಗೆ ಏನೂ ಆಗಲಿಲ್ಲ. ಕೆಲವು ದಿನ ನಮ್ಮ ಬೀದಿಗೆ ಬಂದಾಗ ಜೀಪಿನಿಂದ ಇಳಿಯುತ್ತಿರಲಿಲ್ಲ, ಅಷ್ಟೆ. ಮುಖ್ಯ ಪೇದೆ ಒಂದು ಮಧ್ಯಾಹ್ನ ಬಂದು, ನಾನು ಬಿಟ್ಟುಬಂದಿದ್ದ ಕತ್ತರಿಯನ್ನು ಮೇಜಿನ ಮೇಲಿಟ್ಟು, "ಪ್ಯಾಂಟು ಆರಾಮಾಗಿದೆ ಮಾಸ್ಟ್ರೇ," ಎಂದು ನೆಲ ನೋಡುತ್ತ ಹೇಳಿ ಹೋದರು.

ಗೆದ್ದ ಸಂಭ್ರಮ ನನಗೆ ಒಂದು ವಾರವೂ ಉಳಿಯಲಿಲ್ಲ. ಡಾಕ್ಟರು ಬೇರೆ ನ್ಯಾಯಾಲಯಕ್ಕೆ ಹೋಗುತ್ತಾರೆ, ಅಲ್ಲಿ 'ಅಳತೆ ತೆಗೆದಿದ್ರಾ' ಎಂದು ಕೇಳಿಯೇ ಕೇಳುತ್ತಾರೆ ಎಂದು ಪೋಸ್ಟಿನವನನ್ನು ಕಂಡರೆ ಇಸ್ತ್ರಿ ಮೇಜಿನ ಹಿಂದೆ ಸರಿಯುತ್ತಿದ್ದೆ. ಮೂರು ವಾರ ಕಳೆದರೂ ಕಾಗದ ಬರಲಿಲ್ಲ. ಕೊನೆಗೆ ಹೆಂಡತಿ, "ಈಗ ಯಾರೂ ಬಲವಂತ ಮಾಡ್ತಿಲ್ಲ, ನೀವೇ ಹೋಗಿ ಡಾಕ್ಟ್ರಿಗೆ ಹೇಳೋಕೆ ನಿಮಗೇನು ಕಷ್ಟ?" ಎಂದಳು. ಅಂದು ಸಂಜೆಯೇ ಕ್ಲಿನಿಕ್ಕಿಗೆ ಹೋದೆ.

ಕೊನೆಯ ರೋಗಿ ಹೋದ ಮೇಲೆ ಡಾಕ್ಟರು ನನ್ನನ್ನು ಒಳಗೆ ಕರೆದರು. ಬೇರೆ ಕುರ್ಚಿ ಇರಲಿಲ್ಲ. ಹಲ್ಲು ಕೀಳುವ ಕುರ್ಚಿಯ ಮೇಲೆಯೇ ಕೂತೆ. ಅದು ತಾನಾಗಿ ಹಿಂದಕ್ಕೆ ಒರಗಿ, ನಾನು ಚಾವಣಿ ನೋಡುತ್ತ ಮಾತಾಡಬೇಕಾಯಿತು.

"ಡಾಕ್ಟ್ರೇ, ನಾನು ಅಳತೆ ತೆಗೆದಿರಲಿಲ್ಲ. ತಪ್ಪಾಯ್ತು."

ಅವರು ಕೈ ತೊಳೆಯುತ್ತಿದ್ದರು. ನೀರು ನಿಂತಿತು. "ನಾನು ಅವರಿಗೆ ಒಂದ್ಸಲ ಕರೆದು ಗದರ್ಸಿ ಅಂತ ಅಂದಿದ್ದೆ ಅಷ್ಟೆ. ದಿನಾ ಕೂರ್ಸಿ ಅಂದಿರಲಿಲ್ಲ."

"ಕೂರಿಸಿದ್ದು ನಿಮಗೆ ಗೊತ್ತಿತ್ತಾ?"

"ಆರನೇ ದಿನ ಗೊತ್ತಾಯ್ತು."

"ಆಮೇಲೆ?"

"ಆಮೇಲೆ... ಇನ್ನೊಂದೆರಡು ದಿನ ಕೂರ್ಲಿ ಅನ್ನಿಸ್ತು." ಅವರು ಟವೆಲಿನಲ್ಲಿ ಒಂದೊಂದೇ ಬೆರಳು ಒರೆಸಿದರು. "ಅದು ನಂದು ತಪ್ಪು."

ನನಗೆ ಸಿಟ್ಟು ಬರಬೇಕಿತ್ತು. ಬಂತು ಕೂಡ. ಆದರೆ ಅಂಗಾತ ಮಲಗಿದವನಿಗೆ ಸಿಟ್ಟು ಮಾಡುವುದು ಸುಲಭವಲ್ಲ. ಎದ್ದು ಕೂರಲು ಒದ್ದಾಡಿದೆ, ಅವರೇ ಕೈ ಕೊಟ್ಟು ಎಬ್ಬಿಸಿದರು.

"ನೀವು ಟೇಪು ಹಿಡಿದಿದ್ರೂ ನಾನು ಹೊಟ್ಟೆ, ಎದೆ ಎಲ್ಲಾ ಒಳಗೆಳ್ಕೊಂಡು ನಿಲ್ತಿದ್ದೆ," ಎಂದರು ಡಾಕ್ಟರು. "ನಲವತ್ತು ಅಂದಾಗ ಎಷ್ಟು ಖುಷಿಯಾಯ್ತು ಗೊತ್ತಾ? ಸುಳ್ಳು ಅಂತ ನನಗೆ ಆಗಲೇ ಗೊತ್ತಿತ್ತು."

ಅಲ್ಲಿಗೆ ನಮ್ಮ ವ್ಯಾಜ್ಯ ಮುಗಿಯಿತು. ಸ್ನೇಹಿತರೇನೂ ಆಗಲಿಲ್ಲ. ಹೊಸ ಕೋಟು ನಾನೇ ಹೊಲಿದುಕೊಡುತ್ತೇನೆ ಎಂದು ಬಾಗಿಲಲ್ಲಿ ನಿಂತು ಹೇಳಿದೆ. ಅವರು ನಯವಾಗಿ, "ನೋಡೋಣ ಮಾಸ್ಟ್ರೇ," ಎಂದರು. ಎರಡು ತಿಂಗಳ ಮೇಲೆ ಅವರು ಕಪ್ಪು ಕೋಟು ತೊಟ್ಟು ನಮ್ಮ ಅಂಗಡಿಯ ಮುಂದೆಯೇ ಹಾದುಹೋದರು. ನಾನು ಮೆಟ್ಟಿಲ ಮೇಲೆ ನಿಂತು ಬೆನ್ನು, ಭುಜ, ತೋಳು ಎಲ್ಲ ನೋಡಿದೆ. ಒಂದು ಸುಕ್ಕೂ ಇರಲಿಲ್ಲ. ಒಳ್ಳೆಯ ಕೆಲಸ. ಯಾರು ಹೊಲಿದದ್ದು ಎಂದು ಹೆಂಡತಿಗೆ ಗೊತ್ತಿದೆಯಂತೆ. ನಾನಿನ್ನೂ ಕೇಳಿಲ್ಲ.